ಬಲಗೈಯ ಎರಡು ಬೆರಳುಗಳನ್ನು ಕಚೇರಿ ಸಲಕರಣೆಯೆಂದು ನಮೂದಿಸಿದ ಬಗ್ಗೆ

ವೈದ್ಯಕೀಯ ದಾಖಲೆ ಮತ್ತು ರೋಗಸಂಕೇತ ಶಾಖೆ
(ಆಸ್ಪತ್ರೆಯ ಹಿಂಭಾಗ, ನೆಲಮಾಳಿಗೆ, ಔಷಧಿ ಉಗ್ರಾಣ ದಾಟಿ ಎಡಕ್ಕೆ, ದಾರಿ ತಪ್ಪಿದಲ್ಲಿ ಬಟ್ಟೆ ಒಗೆಯುವ ಕೋಣೆಯಲ್ಲಿ ವಿಚಾರಿಸುವುದು)

ಸಂಖ್ಯೆ: ದಾಸಂ/ಮುಂಗೈ-ಬೆರಳು/ಹುರಿ/೧೨
ದಿನಾಂಕ: ಗಾಯವಾದ ತೊಂಬತ್ತನೇ ದಿನ, ಮಧ್ಯಾಹ್ನದ ಊಟದ ನಂತರ

ಸುತ್ತೋಲೆ

ವಿಷಯ: ಮುಂಗೈ ಹಾಗೂ ಬೆರಳುಗಳ ಸ್ನಾಯುರಜ್ಜು ಗಾಯಗಳಿಗೆ ಸಂಕೇತ ನೀಡುವಾಗ ಅನುಸರಿಸಬೇಕಾದ ಕ್ರಮ, ಮತ್ತು ಸದರಿ ಕ್ರಮ ಇಲ್ಲದಿದ್ದಾಗ ನಡೆದುಹೋದದ್ದಕ್ಕೆಲ್ಲ ಘಟನೋತ್ತರ ಅನುಮೋದನೆ.

ಉಲ್ಲೇಖ:
(೧) ಇದೇ ಶಾಖೆಯ ಸುತ್ತೋಲೆ ಸಂಖ್ಯೆ ೧೧, ವಿಷಯ: ಕೈಗಳ ಸುರಕ್ಷತೆ. (ರಕ್ತದ ಕಲೆಯ ಕಾರಣ ಮೂರನೇ ಕಂಡಿಕೆ ಓದಲು ಬರುತ್ತಿಲ್ಲ.)
(೨) ಮುಂಗೈ ಮೇಜು ಹಾಗೂ ಬೆರಳು ಮೇಜಿನ ನಡುವಿನ ಟಿಪ್ಪಣಿಗಳು, ಮತ್ತು ಅವುಗಳೊಂದಿಗೆ ಲಗತ್ತಿಸಿದ ಒಂದು ಚಮಚ.
(೩) ಮೇಲಿನ ಕಚೇರಿಯ ಪತ್ರ, ಆಮೆಯನ್ನು ಕುರಿತು.
(೪) ದಬ್ಬಳದಣ್ಣನವರ ಹೆಂಡತಿಯವರ ಮೌಖಿಕ ಆಕ್ಷೇಪಣೆ, ಜೋರು ಧ್ವನಿಯಲ್ಲಿ.

ಪ್ರಸ್ತಾವನೆ:

ಆಸ್ಪತ್ರೆಗೆ ಬಂದವರ ನೋವನ್ನು ಸಂಖ್ಯೆಗೆ ಇಳಿಸುವುದು ಈ ಶಾಖೆಯ ಕರ್ತವ್ಯವಾಗಿರುತ್ತದೆ. ವೈದ್ಯರು ಬರೆದದ್ದನ್ನು ಓದಿ, ಓದಲಾಗದಿದ್ದಲ್ಲಿ ಇನ್ನಿಬ್ಬರನ್ನು ಕರೆದು ಓದಿಸಿ, ದಪ್ಪನೆಯ ಸಂಕೇತ ಪುಸ್ತಕದಲ್ಲಿ ಆ ಗಾಯಕ್ಕೆ ತಕ್ಕ ಸಂಖ್ಯೆಯನ್ನು ಹುಡುಕಿ, ಕಡತದ ನೆತ್ತಿಯ ಮೇಲೆ ಬರೆಯಲಾಗುತ್ತದೆ. ಸಂಖ್ಯೆ ಬಿದ್ದ ಮೇಲೆಯೇ ರೋಗಿಗೆ ಮುಂದಿನ ಕೊಠಡಿಯ ಬಾಗಿಲು ತೆರೆಯುತ್ತದೆ. ಸಂಖ್ಯೆ ಇಲ್ಲದವರು ಎಷ್ಟೇ ನರಳಿದರೂ ಅದನ್ನು ಖಾಸಗಿ ನರಳಾಟವೆಂದೇ ಪರಿಗಣಿಸಲಾಗುತ್ತದೆ.

ಸಂಖ್ಯೆ ಬಿದ್ದ ಕಡತಗಳ ಬಿಡಿ ಹಾಳೆಗಳನ್ನು ಹುರಿ ಹಾಕಿ ಹೊಲಿಯುವ ಹುದ್ದೆಯೊಂದು ಶಾಖೆಯಲ್ಲಿದ್ದು, ಇಪ್ಪತ್ತಾರು ವರ್ಷಗಳಿಂದ ಅದನ್ನು ಒಬ್ಬರೇ ನಿರ್ವಹಿಸುತ್ತಿದ್ದಾರೆ. ಗೋಣಿಚೀಲ ಹೊಲಿಯುವಂಥ ಉದ್ದನೆಯ ದಬ್ಬಳವನ್ನು ಸದಾ ಕಿವಿಯ ಮೇಲೆ ಸಿಕ್ಕಿಸಿಕೊಂಡಿರುವುದರಿಂದ ಅವರನ್ನು ದಬ್ಬಳದಣ್ಣ ಎಂದು ಕರೆಯಲಾಗುತ್ತದೆ. ಅದನ್ನು ಪೆನ್ನೆಂದು ತಿಳಿದು ಇಸಿದುಕೊಂಡು ಸಹಿ ಮಾಡಲು ಹೋದ ವೈದ್ಯರು ಇದ್ದಾರೆ. ಹಾಜರಿ ಪುಸ್ತಕದಲ್ಲಿ ಬೇರೆ ಹೆಸರಿದೆ. ಆ ಹೆಸರು ಹಿಡಿದು ಕರೆದರೆ ಅವರು ತಿರುಗಿ ನೋಡುವುದಿಲ್ಲ. ಅವರು ಹೊಲಿದ ಕಡತ ಮೆಟ್ಟಿಲ ಮೇಲಿಂದ ಉರುಳಿದರೂ ಒಂದು ಹಾಳೆ ಅಲುಗುವುದಿಲ್ಲ ಎಂಬುದನ್ನು ಮೂರು ಸಲ ಪರೀಕ್ಷಿಸಲಾಗಿದೆ, ಒಂದು ಸಲ ಬೇಕೆಂದೇ.

ಉಲ್ಲೇಖ (೧)ರ 'ಕೈಗಳ ಸುರಕ್ಷತೆ' ಸುತ್ತೋಲೆಯನ್ನು ಗಾಜಿನ ಸೂಚನಾ ಫಲಕದೊಳಗೆ ಅಂಟಿಸುವಂತೆ, ಕೆಳಗೆ ಸಹಿ ಮಾಡಿರುವ ಅಧಿಕಾರಿಯವರು (ಇನ್ನು ಮುಂದೆ 'ಸಹಿದಾರರು') ಸದರಿ ದಬ್ಬಳದಣ್ಣನವರಿಗೆ ಸೂಚಿಸಿದ್ದರು. ಅಂಟಿಸಲಾಯಿತು. ಸಹಿದಾರರು ಎರಡು ಹೆಜ್ಜೆ ಹಿಂದೆ ಸರಿದು, ತಲೆ ಓರೆ ಮಾಡಿ ನೋಡಿ, ಕಾಗದ ಕೂದಲೆಳೆಯಷ್ಟು ವಾಲಿದೆ, ಸರಿಪಡಿಸಿ ಎಂದರು. ಅದಕ್ಕೆ ದಬ್ಬಳದಣ್ಣನವರು, "ಕಾಗದ ನೆಟ್ಟಗೇ ಇದೆ ಮೇಡಂ, ಗೋಡೆನೇ ವಾಲಿರೋದು" ಎಂದರು. (ತರುವಾಯ ಗೋಡೆಯನ್ನು ಅಳೆಯಲಾಗಿದ್ದು, ಅವರು ಹೇಳಿದ್ದು ನಿಜವೆಂದು ಕಂಡುಬಂದಿದೆ.) ಆದರೂ ಮೇಲಿನವರ ಮಾತು ಮೀರಬಾರದೆಂದು ಗಾಜನ್ನು ಮತ್ತೊಮ್ಮೆ ಸರಿಸಿ ಕೈ ಒಳಗಿಟ್ಟಾಗ, ಗಾಜು ಚೌಕಟ್ಟು ಬಿಟ್ಟು ಜಾರಿ ಅವರ ಬಲ ಮುಂಗೈಯ ಒಳಮೈ ಮೇಲೆ ಬಿತ್ತು. ಮಣಿಕಟ್ಟಿಗಿಂತ ನಾಲ್ಕು ಬೆರಳಷ್ಟು ಮೇಲೆ ಗಾಯವಾಯಿತು. ಉಂಗುರದ ಬೆರಳು ಮತ್ತು ಕಿರುಬೆರಳು ಬಗ್ಗದಾದವು.

ಸ್ನಾಯುರಜ್ಜು ಎಂದರೆ ಮುಂಗೈಯ ಮಾಂಸಖಂಡದಿಂದ ಹೊರಟು, ಮಣಿಕಟ್ಟು ದಾಟಿ, ಬೆರಳನ್ನು ಎಳೆದು ಬಗ್ಗಿಸುವ ಹುರಿ. ಶಸ್ತ್ರವೈದ್ಯರು ಇದನ್ನು ಚಿತ್ರ ಬರೆದು ಅರ್ಧ ಗಂಟೆ ವಿವರಿಸಿದರು. ದಬ್ಬಳದಣ್ಣನವರು ಒಂದೇ ಮಾತಿನಲ್ಲಿ ಮುಗಿಸಿದರು: "ಹುರಿ ಮೇಲ್ಗಡೆ ಕಟ್ಟಾದ್ರೆ ಹಾಳೆ ಕೆಳಗಡೆ ಬಿಚ್ಕೊಳುತ್ತೆ, ಅಷ್ಟೇ ಅಲ್ವಾ ಸಾರ್?" ಅಷ್ಟೇ ಎಂದು ವೈದ್ಯರು ಒಪ್ಪಿರುತ್ತಾರೆ.

ತುರ್ತು ಚಿಕಿತ್ಸೆಗೆ ಸಂಕೇತ ಬೇಕಿಲ್ಲವಾದ್ದರಿಂದ ಅಂದೇ ಹುರಿಗಳನ್ನು ಹೊಲಿಯಲಾಯಿತು. ಆದರೆ ಹೊಲಿದ ಹುರಿಯನ್ನು ಸುಮ್ಮನೆ ಬಿಟ್ಟರೆ ಅದು ಅಕ್ಕಪಕ್ಕಕ್ಕೆ ಅಂಟಿಕೊಂಡು ಬೆರಳು ಮರಗಟ್ಟಿಹೋಗುವುದರಿಂದ, ಬೇಗನೆ ವ್ಯಾಯಾಮ ಕೊಠಡಿಯಲ್ಲಿ ಮೆಲ್ಲಗೆ ಆಡಿಸಲು ತೊಡಗಬೇಕು. ಆ ಕೊಠಡಿಗೆ ಪ್ರವೇಶವು, ಸಂಕೇತದ ಕೊನೆಯಲ್ಲಿ 'ಮರುಭೇಟಿ' ಎಂದಿರುವವರಿಗೆ ಮಾತ್ರ. ಇತ್ತ ಶಾಖೆಯ ನಿಯಮದಂತೆ, ತೊಂಬತ್ತು ದಿನ ಕೆಲಸ ನಿಂತ ಹುದ್ದೆಯನ್ನು ರದ್ದುಪಡಿಸಿ ಅದರ ಜಾಗಕ್ಕೆ ಯಂತ್ರವನ್ನು ತರಿಸತಕ್ಕದ್ದು. ಅಂದರೆ ತೊಂಬತ್ತನೇ ದಿನದೊಳಗೆ ಬೆರಳು ಬಗ್ಗಿ ದಬ್ಬಳ ಹಿಡಿಯದಿದ್ದರೆ, ದಬ್ಬಳದಣ್ಣನವರ ಜಾಗದಲ್ಲಿ ಪಿನ್ನು ಹೊಡೆಯುವ ಯಂತ್ರ ಕೂರುತ್ತದೆ.

ಈ ಅವಧಿಯಲ್ಲಿ ಸಹಿದಾರರಿಗೆ ಸರಿಯಾಗಿ ನಿದ್ದೆ ಬಂದಿರುವುದಿಲ್ಲ. ಇದನ್ನು ದಾಖಲಿಸುವ ಅಗತ್ಯ ಇಲ್ಲವಾದರೂ ದಾಖಲಿಸಲಾಗಿದೆ.

ಮೇಲ್ಕಂಡ ಹಿನ್ನೆಲೆಯಲ್ಲಿ, ಎಲ್ಲ ಸಿಬ್ಬಂದಿಗೆ ಈ ಮೂಲಕ ಕೆಳಕಂಡಂತೆ ಸೂಚಿಸಲಾಗಿದೆ:

೧. ಸಂಕೇತ ಪುಸ್ತಕದಲ್ಲಿ ಮುಂಗೈಗೆ ಒಂದು ಅಧ್ಯಾಯವೂ, ಮಣಿಕಟ್ಟು, ಹಸ್ತ ಹಾಗೂ ಬೆರಳುಗಳಿಗೆ ಇನ್ನೊಂದು ಅಧ್ಯಾಯವೂ ಇರುವುದರಿಂದ, ಶಾಖೆಯಲ್ಲಿ ಮುಂಗೈ ಮೇಜು, ಬೆರಳು ಮೇಜು ಎಂದು ಎರಡು ಮೇಜುಗಳನ್ನು ಇಡಲಾಗಿದೆ. ಮುಂಗೈ ಮೇಜಿನಲ್ಲಿ ಭಾವನವರೂ, ಬೆರಳು ಮೇಜಿನಲ್ಲಿ ಅವರ ಹೆಂಡತಿಯ ತಮ್ಮನವರೂ ಕುಳಿತುಕೊಳ್ಳುತ್ತಾರೆ. ಇಬ್ಬರೂ ಒಂದೇ ಮನೆಯಿಂದ ಒಂದೇ ಸ್ಕೂಟರಿನಲ್ಲಿ ಬಂದು ಒಂದೇ ಕ್ಯಾರಿಯರಿನಿಂದ ಊಟ ಮಾಡುವವರಾದರೂ, ಕಚೇರಿ ವೇಳೆಯಲ್ಲಿ ಟಿಪ್ಪಣಿಯ ಮೂಲಕವೇ ಮಾತನಾಡುತ್ತಾರೆ. ದಬ್ಬಳದಣ್ಣನವರ ಕಡತದಲ್ಲಿ ಗಾಯವು ಮುಂಗೈಯಲ್ಲಿಯೂ ಬಗ್ಗದಿರುವಿಕೆಯು ಬೆರಳಿನಲ್ಲಿಯೂ ಇದ್ದುದರಿಂದ ಬರೆಯಲಾದ ಟಿಪ್ಪಣಿಗಳ ಆಯ್ದ ಭಾಗವನ್ನು ಯಥಾವತ್ತಾಗಿ ಕೊಡಲಾಗಿದೆ:

ಬೆರಳು ಮೇಜು: "ಭಾವ, ಗಾಜು ಬಿದ್ದಿರೋದು ನಿಮ್ಮ ಕಡೆ. ವಾಪಸ್ ಕಳಿಸಿದೆ."

ಮುಂಗೈ ಮೇಜು: "ಬ್ಯಾಂಡೇಜು ಒಂದು ಬಿಟ್ರೆ ಮುಂಗೈ ಚೆನ್ನಾಗೇ ಇದೆ ಕಣೋ. ಬಗ್ಗದೇ ಇರೋದು ನಿನ್ನ ಬೆರಳು. ವಾಪಸ್."

ಬೆರಳು ಮೇಜು: "ನನ್ನ ಬೆರಳಿಗೆ ಒಂದು ಗೀರೂ ಬಿದ್ದಿಲ್ಲ. ಬೇಕಾದ್ರೆ ಬಂದು ನೋಡಿ."

ಮುಂಗೈ ಮೇಜು: "ನಾನ್ಯಾಕೆ ಬರ್ಲಿ? ನೀನೇ ಕಡತ ಕಳ್ಸು."

ಬೆರಳು ಮೇಜು: "ಕಳಿಸಿದೆ. ಅಕ್ಕ ಇವತ್ತು ಒಂದೇ ಚಮಚ ಇಟ್ಟಿದಾಳೆ. ನಿಮ್ಮದಾದ್ಮೇಲೆ ಕೊಡಿ."

ಮುಂಗೈ ಮೇಜು: "ಚಮಚ ಲಗತ್ತಿಸಿದೆ. ಕಡತ ವಾಪಸ್."

ಇನ್ನು ಮುಂದೆ ಹುರಿಯು ಎಲ್ಲಿ ಕತ್ತರಿಸಿದೆಯೋ ಆ ಮೇಜಿನವರೇ ಸಂಕೇತ ನೀಡತಕ್ಕದ್ದು. ಯಾವ ಬೆರಳು ಬಗ್ಗದೋ ಆ ಬೆರಳನ್ನು ಅದರ ಉಪಸಂಖ್ಯೆಯಲ್ಲಿ ಹೆಸರಿಸತಕ್ಕದ್ದು. ಸಂಕೇತ ಪುಸ್ತಕದಲ್ಲಿ ಮೊದಲಿನಿಂದಲೂ ಹೀಗೆಯೇ ಇತ್ತು. ಸದರಿ ಪುಟವನ್ನು ಕ್ಯಾರಿಯರಿನ ಅಡಿಗೆ ಹಾಸಲಾಗಿತ್ತು.

೨. ಮುಂಗೈ ಎಲ್ಲಿ ಮುಗಿದು ಹಸ್ತ ಎಲ್ಲಿ ಆರಂಭವಾಗುತ್ತದೆ ಎಂಬ ಬಗ್ಗೆ ಎರಡೂ ಮೇಜಿನವರು ಟೇಪು ಹಿಡಿದು ಪರಸ್ಪರರ ಕೈ ಅಳೆಯುತ್ತಿದ್ದುದು ಗಮನಕ್ಕೆ ಬಂದಿರುವುದರಿಂದ, ಕೈಗಡಿಯಾರ ಕಟ್ಟುವ ಜಾಗವನ್ನು ಗಡಿಯೆಂದು ಘೋಷಿಸಲಾಗಿದೆ. ಗಡಿಯಾರ ಇಲ್ಲದ ರೋಗಿಗಳು ಗಡಿಯಾರ ಇದೆಯೆಂದು ಭಾವಿಸತಕ್ಕದ್ದು. ಗಡಿಯಾರ ನಿಂತುಹೋಗಿದ್ದಲ್ಲಿ ಗಡಿಗೆ ಧಕ್ಕೆಯಿಲ್ಲ. ಪಟ್ಟಿ ಸಡಿಲವಿದ್ದರೆ ಗಡಿಯಾರ ಮೊಣಕೈವರೆಗೂ ಜಾರುವುದರಿಂದ ಗಡಿಯೂ ಜಾರಿತೆಂದು ವಾದಿಸಿ, ಬೆರಳು ಮೇಜಿನವರು ತಮ್ಮ ಸ್ವಂತ ಕೈಯೆತ್ತಿ ಕೊಟ್ಟ ಪ್ರಾತ್ಯಕ್ಷಿಕೆಯನ್ನು ತಿರಸ್ಕರಿಸಲಾಗಿದೆ.

೩. ರೋಗಿಯ ಬಲಗೈಯೇ ಬಲಗೈ. ಎದುರು ಕುಳಿತ ಗುಮಾಸ್ತರ ಬಲವು ಗುಮಾಸ್ತರಿಗೆ ಮಾತ್ರ ಸಂಬಂಧಿಸಿದ್ದು.

೪. ಸಂಕೇತದ ಕೊನೆಯ ಅಕ್ಷರವು, ರೋಗಿಯದು ಮೊದಲ ಭೇಟಿಯೋ, ಮರುಭೇಟಿಯೋ, ಹಳೆಯ ಗಾಯದ ಉಳಿಕೆಯೋ ಎಂಬುದನ್ನು ತಿಳಿಸುತ್ತದೆ. ಕಡತವು ಯಾವುದೇ ಮೇಜಿಗೆ ಬಂದಾಗಲೆಲ್ಲ 'ಮೊದಲ ಭೇಟಿ' ಎಂದು ನಮೂದಿಸುವ ಪದ್ಧತಿ ಶಾಖೆಯಲ್ಲಿತ್ತು. ಸದರಿ ಪದ್ಧತಿಯನ್ನು ಜಾರಿಗೆ ತಂದವರು ಸಹಿದಾರರೇ. ಆಗ ಅದು ಬುದ್ಧಿವಂತಿಕೆಯ ಕೆಲಸದಂತೆ ಕಂಡಿತ್ತು.

ಕಡತವು ಹನ್ನೊಂದು ಬಾರಿ ಮೇಜು ಬದಲಿಸಿದ್ದರಿಂದ ದಬ್ಬಳದಣ್ಣನವರು ಹನ್ನೊಂದು ಬಾರಿ ಮೊದಲ ಬಾರಿಗೆ ಗಾಯಗೊಂಡರು. ಅವರು ಕೈಯನ್ನು ಜೋಳಿಗೆಯಲ್ಲಿ ತೂಗಿಹಾಕಿಕೊಂಡು ಮೂರು ಮಹಡಿ ಹತ್ತಿ ವ್ಯಾಯಾಮ ಕೊಠಡಿಗೆ ಹೋದಾಗ, ಬಾಗಿಲಲ್ಲಿದ್ದವರು ಚೀಟಿ ನೋಡಿ, "ಅಣ್ಣಾ, ನಿಮ್ಮದಿನ್ನೂ ಮೊದಲನೇ ಸಲಾನೇ ಮುಗಿದಿಲ್ವಲ್ಲ, ಮುಗಿಸ್ಕೊಂಡು ಬನ್ನಿ" ಎಂದು ಕಳುಹಿಸಿದರು. ಮಾರನೇ ದಿನವೂ ಹೋದರು. ಅಷ್ಟರಲ್ಲಿ ಅವರದು ಇನ್ನೊಂದು ಮೊದಲ ಸಲವಾಗಿತ್ತು.

ಅಂದು, ಗಾಯವಾದ ಹನ್ನೊಂದನೇ ದಿನ, ಅವರು ಕೆಳಗಿಳಿದು ಬಂದು ತಮ್ಮ ಮಣೆಯ ಮೇಲೆ ಕುಳಿತರು. ಎಡಗೈಯಿಂದ ದಬ್ಬಳವನ್ನು ಕಿವಿಯಿಂದ ತೆಗೆದು ಮುಂದಿಟ್ಟುಕೊಂಡರು. ಸಹಿದಾರರನ್ನು ನೋಡಿ, "ಹನ್ನೊಂದು ಸಲ ಗಾಯ ಆದ್ರೂ ತಡ್ಕೋಬಹುದು ಮೇಡಂ. ಹೊಲಿಯೋಕೇ ಬರಲ್ಲ ಅಂದ್ಮೇಲೆ ನಾನು ಇಲ್ಲಿ ಯಾರು?" ಎಂದು ಕೇಳಿದರು. ಈ ಪ್ರಶ್ನೆಗೆ ಸಂಕೇತ ಪುಸ್ತಕದಲ್ಲಿ ಸಂಖ್ಯೆ ಇರುವುದಿಲ್ಲ.

ಒಂದು ಗಾಯವು ಒಬ್ಬರಿಗೆ ಒಂದೇ ಬಾರಿ ಮೊದಲ ಬಾರಿಗೆ ಆಗತಕ್ಕದ್ದೆಂದು ಈ ಮೂಲಕ ಆದೇಶಿಸಲಾಗಿದೆ.

೫. ತಿಂಗಳ ವರದಿಯಲ್ಲಿ ಒಂದೇ ಸೂಚನಾ ಫಲಕದ ಬಳಿ ಹನ್ನೊಂದು ಮಂದಿಗೆ ಹುರಿ ಕತ್ತರಿಸಿದೆಯೆಂದು ಕಂಡ ಮೇಲಿನ ಕಚೇರಿಯವರು ಗಾಬರಿಗೊಂಡು ಹನ್ನೊಂದು ಹಣ್ಣಿನ ಬುಟ್ಟಿಗಳನ್ನು ಕಳುಹಿಸಿದರು. ಅಷ್ಟೂ ಬುಟ್ಟಿಗಳನ್ನು ದಬ್ಬಳದಣ್ಣನವರೇ ಎಡಗೈಯಲ್ಲಿ ಸ್ವೀಕರಿಸಿ, ಪ್ರತಿ ಬುಟ್ಟಿಗೂ ಬೇರೆಬೇರೆ ಮುಖ ಮಾಡಿ ಧನ್ಯವಾದ ಹೇಳಿರುತ್ತಾರೆ. ಹಣ್ಣುಗಳನ್ನು ಶಾಖೆಯವರೆಲ್ಲ ಸೇರಿ ವಿಲೇವಾರಿ ಮಾಡಿದ್ದು, ವಾಪಸ್ ಕಳುಹಿಸಲು ಏನೂ ಉಳಿದಿಲ್ಲ. ಬುಟ್ಟಿಗಳು ಇವೆ.

೬. ಗಾಯಕ್ಕೆ ಕಾರಣವನ್ನೂ ಸಂಖ್ಯೆಯಲ್ಲಿ ಬರೆಯಬೇಕಾಗಿರುತ್ತದೆ. ಸಂಕೇತ ಪುಸ್ತಕದಲ್ಲಿ ಕುದುರೆ ಒದ್ದದ್ದಕ್ಕೆ, ಉಯ್ಯಾಲೆಯಿಂದ ಬಿದ್ದದ್ದಕ್ಕೆ, ಆಮೆ ಕಚ್ಚಿದ್ದಕ್ಕೆ ಸಂಖ್ಯೆಗಳಿವೆ; ಸುತ್ತೋಲೆ ನೆಟ್ಟಗೆ ಮಾಡಲು ಹೋದದ್ದಕ್ಕೆ ಇಲ್ಲ. ಹತ್ತಿರದ್ದು ಯಾವುದೆಂದು ಎರಡು ದಿನ ಚರ್ಚಿಸಿದ ಬೆರಳು ಮೇಜಿನವರು, ಗಟ್ಟಿಯಾದ ಹೊದಿಕೆಯುಳ್ಳದ್ದು, ಸುಮ್ಮನೆ ಇರುವಂತೆ ಕಂಡು ಹಠಾತ್ತನೆ ಘಾಸಿ ಮಾಡುವಂಥದ್ದು ಎಂಬ ಕಾರಣ ನೀಡಿ ಆಮೆಯನ್ನು ಆಯ್ಕೆ ಮಾಡಿದರು. ನೆಲಮಾಳಿಗೆಯಲ್ಲಿ ಆಮೆ ಸಾಕಲು ಅನುಮತಿ ಪಡೆಯಲಾಗಿದೆಯೇ ಎಂದು ಮೇಲಿನ ಕಚೇರಿಯವರು ಉಲ್ಲೇಖ (೩)ರಲ್ಲಿ ಕೇಳಿರುತ್ತಾರೆ. ಆಮೆಯು ಸದ್ಯಕ್ಕೆ ರಜೆಯಲ್ಲಿದೆ ಎಂದು ಮುಂಗೈ ಮೇಜಿನವರು ಉತ್ತರಿಸಿರುತ್ತಾರೆ. ಭಾವಮೈದನನ್ನು ಬಿಟ್ಟುಕೊಡದ ಅವರ ಗುಣವನ್ನು ಮೆಚ್ಚುತ್ತಾ, ಉತ್ತರವನ್ನು ಹಿಂಪಡೆಯಲಾಗಿದೆ. ಕಾರಣದ ಕಾಲಮಿನಲ್ಲಿ 'ಗಾಜು' ಎಂದು ಬರೆಯತಕ್ಕದ್ದು. ಗಾಜಿಗೆ ಸಂಖ್ಯೆ ಇದೆ.

೭. 'ಮೊದಲ ಭೇಟಿ'ಯನ್ನು 'ಮರುಭೇಟಿ' ಎಂದು ತಿದ್ದಲು ಹೊಸ ಸುತ್ತೋಲೆ ಬೇಕು. ಎರಡು ಹಾಳೆ ಮೀರಿದ ಸುತ್ತೋಲೆಯನ್ನು ದಬ್ಬಳದಿಂದ ಹೊಲಿದಿರಬೇಕು. ಹೊಲಿಯದ ಸುತ್ತೋಲೆಯು ಸುತ್ತೋಲೆಯಲ್ಲ. ಹೊಲಿಯತಕ್ಕವರು ಆ ಹುದ್ದೆಯವರೇ. ಅವರ ಬೆರಳು ಬಗ್ಗಲು ವ್ಯಾಯಾಮ ಬೇಕು. ವ್ಯಾಯಾಮಕ್ಕೆ 'ಮರುಭೇಟಿ' ಬೇಕು. ಈ ಗಂಟನ್ನು ಬಿಡಿಸಲು ಸಹಿದಾರರು ಎರಡೇ ಹಾಳೆಯಲ್ಲಿ ಮುಗಿಯುವ ಸುತ್ತೋಲೆಯನ್ನು ಬರೆಯಲು ನಾಲ್ಕು ಸಲ ಪ್ರಯತ್ನಿಸಿದರು. ಅವರಿಂದ ಆಗಲಿಲ್ಲ. ಸಹಿದಾರರನ್ನು ಬಲ್ಲವರಿಗೆ ಇದರಲ್ಲಿ ಆಶ್ಚರ್ಯವಿಲ್ಲ.

ತಲೆ ಕೆಟ್ಟು ಸಲಕರಣೆಗಳ ದಾಸ್ತಾನು ಪುಸ್ತಕವನ್ನು ಸುಮ್ಮನೆ ತಿರುವಿಹಾಕುತ್ತಿದ್ದಾಗ, ಕಚೇರಿಯ ಸಲಕರಣೆ ಕೆಟ್ಟರೆ ಅದರ ದುರಸ್ತಿಗೆ ಸಂಕೇತವಾಗಲಿ, ಭೇಟಿಯ ಅಕ್ಷರವಾಗಲಿ, ಸುತ್ತೋಲೆಯಾಗಲಿ ಬೇಕಿಲ್ಲ, ಶಾಖಾ ಮುಖ್ಯಸ್ಥರ ಒಂದು ಚೀಟಿ ಸಾಕು ಎಂಬ ಸಾಲು ಸಹಿದಾರರ ಕಣ್ಣಿಗೆ ಬಿತ್ತು. ಶಾಖಾ ಮುಖ್ಯಸ್ಥರು ಸಹಿದಾರರೇ ಆಗಿರುತ್ತಾರೆ. ಹೀಗಾಗಿ ಫ್ಯಾನು, ಬೀರು ಮತ್ತು ಕುಂಟುವ ಕುರ್ಚಿಯ ಕೆಳಗೆ, ಕ್ರಮಸಂಖ್ಯೆ ನಲವತ್ತೊಂದರಲ್ಲಿ, ಕೆಳಕಂಡಂತೆ ನಮೂದಿಸಲಾಯಿತು:

'ಬೆರಳು, ಬಲಗೈಯದು. ಉಂಗುರದ್ದು ಒಂದು, ಕಿರಿದು ಒಂದು. ಬಳಕೆ: ಕಡತ ಹೊಲಿಗೆ. ತಯಾರಕರು: ತಂದೆ ತಾಯಿ. ಸ್ಥಿತಿ: ಬಗ್ಗುತ್ತಿಲ್ಲ. ದುರಸ್ತಿ ಸಾಧ್ಯವೇ: ಸಾಧ್ಯವಾಗಲೇಬೇಕು.'

ದುರಸ್ತಿಗಾರರ ಕಾಲಮಿನಲ್ಲಿ ವ್ಯಾಯಾಮ ಕೊಠಡಿಯ ತಜ್ಞೆಯವರನ್ನು ಸೂಚಿಸಲಾಯಿತು. ಅವರು ಚೀಟಿಯನ್ನು ಎರಡು ಸಲ ಓದಿ, ನಗು ತಡೆಯಲಾರದೆ ಗೋಡೆಗೆ ಮುಖ ಮಾಡಿ ನಿಂತು, ಆಮೇಲೆ ಚೀಲ ತೆಗೆದುಕೊಂಡು ಕೆಳಗಿಳಿದು ಬಂದರು. ಅಂದಿನಿಂದ ಪ್ರತಿದಿನ ಊಟದ ಬಿಡುವಿನಲ್ಲಿ, ಎರಡು ಬೀರುಗಳ ನಡುವಿನ ಜಾಗದಲ್ಲಿ 'ತಾಂತ್ರಿಕ ಪರಿಶೀಲನೆ' ನಡೆಸಲಾಗಿದೆ. ಇದೆಲ್ಲಕ್ಕೂ ಘಟನೋತ್ತರ ಅನುಮೋದನೆ ನೀಡಲಾಗಿದೆ. ನೀಡಿದವರು ಸಹಿದಾರರು. ಕೋರಿದವರೂ ಅವರೇ.

೮. ಕಚೇರಿ ಸಲಕರಣೆಯನ್ನು ಮನೆಗೆ ಒಯ್ಯುವಾಗ ಹೊರಗೊಯ್ಯುವ ಚೀಟಿ ಪಡೆಯತಕ್ಕದ್ದೆಂಬ ನಿಯಮವು ಸದರಿ ಬೆರಳುಗಳಿಗೂ ಅನ್ವಯಿಸುತ್ತದೆ. ಅದರಂತೆ ಪ್ರತಿ ಸಂಜೆ 'ಬೆರಳು ಎರಡು, ಮರಳಿ ತರುವ ಷರತ್ತಿನ ಮೇಲೆ' ಎಂದು ಚೀಟಿ ಬರೆದುಕೊಡಲಾಗಿದ್ದು, ಪ್ರತಿ ಬೆಳಿಗ್ಗೆ ಕಾವಲುಗಾರರು ಎಣಿಸಿ ಒಳಗೆ ಬಿಟ್ಟಿರುತ್ತಾರೆ. ಒಂದೂ ಕಡಿಮೆ ಬಂದಿಲ್ಲ.

ದಬ್ಬಳದಣ್ಣನವರ ಹೆಂಡತಿಯವರು ಒಂದು ಚೀಟಿಯನ್ನು ಕೈಯಲ್ಲಿ ಹಿಡಿದು ಶಾಖೆಗೆ ಬಂದು ಸಲ್ಲಿಸಿದ ಆಕ್ಷೇಪಣೆಯನ್ನು ಯಥಾವತ್ತಾಗಿ ದಾಖಲಿಸಲಾಗಿದೆ: "ಬೆರಳು ಆಫೀಸಿಂದಂತೆ! ಹಂಗಾದ್ರೆ ಅದ್ರಲ್ಲಿರೋ ಉಂಗುರ ಯಾರ್ದಮ್ಮ? ನಾನು ಹಾಕಿದ್ದು ಅದು, ಇಪ್ಪತ್ತೊಂಬತ್ತು ವರ್ಷ ಆಯ್ತು. ನೀವು ನಿನ್ನೆ ಮೊನ್ನೆ ಪುಸ್ತಕದಲ್ಲಿ ಬರ್ಕೊಂಡ್ರೆ ನಿಮ್ದಾಗ್ಬಿಡುತ್ತಾ?" ಹಿರಿತನದ ಆಧಾರದ ಮೇಲೆ ಅವರ ಹಕ್ಕನ್ನು ಎತ್ತಿಹಿಡಿಯಲಾಗಿದೆ. ದುರಸ್ತಿ ಮುಗಿಯುವವರೆಗೆ ಮಾತ್ರ ಬೆರಳುಗಳನ್ನು ಶಾಖೆಯು ಎರವಲು ಪಡೆದಿದೆಯೆಂದು ತಿದ್ದಿ ಬರೆದ ಮೇಲೆ ಅವರು ಸಮಾಧಾನಗೊಂಡು, ಎರಡು ಖಾಲಿ ಬುಟ್ಟಿಗಳನ್ನು ಕೇಳಿ ಪಡೆದು ಹೊರಟರು.

೯. ಸಲಕರಣೆಯ ಅವಧಿಯಲ್ಲಿ ಸದರಿ ಬೆರಳುಗಳಿಂದ ಕಿವಿ ತುರಿಸಿಕೊಳ್ಳತಕ್ಕದ್ದಲ್ಲ. ತೊಂಬತ್ತಕ್ಕೆ ಇನ್ನೆಷ್ಟು ದಿನ ಉಳಿದಿದೆಯೆಂದು ಎಣಿಸಲು ಉಳಿದ ಮೂರು ಬೆರಳುಗಳನ್ನು ಮಾತ್ರ ಬಳಸತಕ್ಕದ್ದು. ಮೇಲಿನ ಕಚೇರಿಯ ಕಡೆಗೆ ನೆಟಿಕೆ ಮುರಿಯುವುದನ್ನು ವೈದ್ಯಕೀಯ ಕಾರಣಗಳಿಗಾಗಿ ನಿಷೇಧಿಸಲಾಗಿದೆ. ಆ ಕೆಲಸಕ್ಕೆ ಇತರ ಸಿಬ್ಬಂದಿ ಸ್ವಯಂಪ್ರೇರಿತರಾಗಿ ಮುಂದೆ ಬಂದಿರುತ್ತಾರೆ.

೧೦. ದುರಸ್ತಿ ಪುಸ್ತಕದಿಂದ ಆಯ್ದ ನಮೂದುಗಳು:

ಹನ್ನೆರಡನೇ ದಿನ: ಸಲಕರಣೆ ತಾನಾಗಿ ಅಲುಗುವಂತಿಲ್ಲ. ತಜ್ಞೆಯವರೇ ಬಗ್ಗಿಸಿ ಬಿಟ್ಟರು. ದಬ್ಬಳದಣ್ಣನವರು ಹಲ್ಲು ಕಚ್ಚಿಕೊಂಡು ಫ್ಯಾನು ನೋಡುತ್ತಿದ್ದರು. ತಜ್ಞೆಯವರು, "ಆತುರ ಮಾಡಿದ್ರೆ ಒಳಗಿನ ಹೊಲಿಗೆ ಕಿತ್ತು ಬರುತ್ತೆ ಅಣ್ಣ" ಎಂದರು. "ಗೊತ್ತಮ್ಮ, ಹಸಿ ಅಂಟಿನ ಮೇಲೆ ಹುರಿ ಎಳೀಬಾರ್ದು" ಎಂದು ಉತ್ತರಿಸಲಾಯಿತು.

ಮೂವತ್ತೆಂಟನೇ ದಿನ: ತಾವಾಗಿಯೇ ಬಗ್ಗಿಸಲು ಅನುಮತಿ ಸಿಕ್ಕಿತು. ಕಿರುಬೆರಳು ಅಲುಗಿದಂತೆ ಕಂಡಿತು. ಬೆರಳು ಮೇಜಿನವರು ಅಲುಗಿತು ಎಂದರು, ಮುಂಗೈ ಮೇಜಿನವರು ಅದು ಫ್ಯಾನಿನ ಗಾಳಿ ಎಂದರು. ಫ್ಯಾನು ನಿಲ್ಲಿಸಿ ನೋಡಲಾಯಿತು. ಅಲುಗಿತು. ಭಾವ, ಭಾವಮೈದ ಇಬ್ಬರೂ ಕಚೇರಿ ವೇಳೆಯಲ್ಲಿ, ಟಿಪ್ಪಣಿಯಿಲ್ಲದೆ, ಬಾಯಿಬಿಟ್ಟು ಮಾತನಾಡಿದರು. ಕೆಲಸವು ಹತ್ತು ನಿಮಿಷ ಸ್ಥಗಿತಗೊಂಡಿತ್ತು.

ಅರವತ್ತೊಂದನೇ ದಿನ: ಹಿಡಿ ಮುಕ್ಕಾಲು ಮುಚ್ಚಿತು.

ಎಂಬತ್ತೇಳನೇ ದಿನ: ದಬ್ಬಳ ಹಿಡಿಯಲು ಕೊಡಲಾಯಿತು. ಹಿಡಿದರು. ಬಿತ್ತು. ಹಿಡಿದರು. ಬಿತ್ತು. ಹಿಡಿದರು. ಬಿತ್ತು. ಪುಟದಲ್ಲಿ ಜಾಗ ಮುಗಿದಿದೆ.

ಎಂಬತ್ತೆಂಟು, ಎಂಬತ್ತೊಂಬತ್ತನೇ ದಿನ: ಏನೂ ನಮೂದಾಗಿಲ್ಲ. ಇದ್ದವರೆಲ್ಲ ತಂತಮ್ಮ ಮೇಜು ನೋಡಿಕೊಂಡು ಕುಳಿತಿದ್ದರು.

೧೧. ಇಂದು ತೊಂಬತ್ತನೇ ದಿನ. ಪಿನ್ನು ಹೊಡೆಯುವ ಯಂತ್ರವು ರಟ್ಟಿನ ಪೆಟ್ಟಿಗೆಯಲ್ಲಿ ಬಂದಿದ್ದು, ಅದನ್ನು ತಂದವರು ಬಾಗಿಲ ಬಳಿ ಬೆಂಚಿನ ಮೇಲೆ ಕುಳಿತಿದ್ದಾರೆ. ಹುದ್ದೆ ಉಳಿಯಬೇಕಾದರೆ ಇಂದು ಕಚೇರಿ ಮುಚ್ಚುವುದರೊಳಗೆ ಒಂದಾದರೂ ದಾಖಲೆಯನ್ನು ಹೊಲಿದು ತೋರಿಸತಕ್ಕದ್ದು. ಅದಕ್ಕೆ ಈ ಸುತ್ತೋಲೆಯನ್ನೇ ಗೊತ್ತುಪಡಿಸಲಾಗಿದೆ. ಸಹಿದಾರರ ಬರವಣಿಗೆಯ ಶೈಲಿಯಿಂದಾಗಿ ಇದು ಆರು ಹಾಳೆಗಳಷ್ಟು ದಪ್ಪವಾಗಿದ್ದು, ಇದಕ್ಕಾಗಿ ಸಹಿದಾರರು ಜೀವನದಲ್ಲಿ ಮೊದಲ ಸಲ ಕ್ಷಮೆ ಕೋರುತ್ತಾರೆ.

ಹೊಲಿಗೆ ಬಿದ್ದಲ್ಲಿ ಈ ಸುತ್ತೋಲೆಯು ತಕ್ಷಣದಿಂದಲೇ ಜಾರಿಗೆ ಬರುತ್ತದೆ. ದಬ್ಬಳದಣ್ಣನವರ ಕಡತಕ್ಕೆ 'ಮರುಭೇಟಿ' ಎಂದು ಬೀಳುತ್ತದೆ. ಇನ್ನು ಮುಂದೆ ಅವರು ಮುಂಬಾಗಿಲಿನಿಂದಲೇ, ಉಳಿದೆಲ್ಲ ಮನುಷ್ಯರಂತೆ, ವ್ಯಾಯಾಮ ಕೊಠಡಿಗೆ ಹೋಗಬಹುದು. ಕ್ರಮಸಂಖ್ಯೆ ನಲವತ್ತೊಂದನ್ನು ದಾಸ್ತಾನಿನಿಂದ ತೆಗೆದು ಅದರ ಯಜಮಾನರಿಗೂ ಅವರ ಹೆಂಡತಿಯವರಿಗೂ ಜಂಟಿಯಾಗಿ ಹಿಂದಿರುಗಿಸಲಾಗುತ್ತದೆ. ಹೊಲಿಗೆ ಬೀಳದಿದ್ದಲ್ಲಿ ಇದನ್ನು ಆರು ಬಿಡಿ ಹಾಳೆಗಳೆಂದು ಪರಿಗಣಿಸತಕ್ಕದ್ದು. ಆ ಪಕ್ಷದಲ್ಲಿ ಮುಂದೇನು ಎಂಬುದನ್ನು ಬರೆಯಲು ಸಹಿದಾರರಿಗೆ ಕೈ ಬರುತ್ತಿಲ್ಲ.

೧೨. ಹೊಲಿಯುವ ವೇಳೆಯಲ್ಲಿ ಯಾರೂ ಉಸಿರು ಬಿಗಿಹಿಡಿದು ಸುತ್ತ ನಿಲ್ಲತಕ್ಕದ್ದಲ್ಲ. ಎಂದಿನಂತೆ ಕೆಲಸ ಮಾಡುತ್ತಿರುವಂತೆ ತೋರತಕ್ಕದ್ದು.

(ಸಹಿ)
ಮುಖ್ಯ ದಾಖಲಾಧಿಕಾರಿ
ವೈದ್ಯಕೀಯ ದಾಖಲೆ ಮತ್ತು ರೋಗಸಂಕೇತ ಶಾಖೆ

ಪ್ರತಿಗಳು:
೧. ಮೇಲಿನ ಕಚೇರಿಗೆ, ಆಮೆಯ ವಿಷಯವನ್ನು ಇಲ್ಲಿಗೇ ಮುಗಿಸುವ ಕೋರಿಕೆಯೊಂದಿಗೆ.
೨. ಮುಂಗೈ ಮೇಜಿಗೆ.
೩. ಬೆರಳು ಮೇಜಿಗೆ. (೨ ಮತ್ತು ೩ಕ್ಕೆ ಸೇರಿ ಒಂದೇ ಪ್ರತಿ, ಕ್ಯಾರಿಯರಿನ ಅಡಿಗೆ ಹಾಸತಕ್ಕದ್ದಲ್ಲ.)
೪. ವ್ಯಾಯಾಮ ಕೊಠಡಿಯ ತಜ್ಞೆಯವರಿಗೆ, ಶಾಖೆಯ ಕೃತಜ್ಞತೆಗಳೊಂದಿಗೆ. ಕುಂಟುವ ಕುರ್ಚಿಯನ್ನೂ ಒಮ್ಮೆ ನೋಡಬಹುದೇ ಎಂಬ ವಿಚಾರಣೆಯೊಂದಿಗೆ.
೫. ಕಾವಲುಗಾರರಿಗೆ. ನಾಳೆಯಿಂದ ಎಣಿಸಬೇಕಿಲ್ಲ.
೬. ದಬ್ಬಳದಣ್ಣನವರ ಹೆಂಡತಿಯವರಿಗೆ, ಉಂಗುರವನ್ನು ಮುಟ್ಟಿಲ್ಲವೆಂಬ ದೃಢೀಕರಣದೊಂದಿಗೆ.
೭. ಯಂತ್ರ ತಂದು ಬಾಗಿಲ ಬಳಿ ಕುಳಿತಿರುವವರಿಗೆ. ಚಹಾ ಬರುತ್ತಿದೆ.
೮. ಸೂಚನಾ ಫಲಕಕ್ಕೆ. ಹೊಸ ಗಾಜು ಹಾಕತಕ್ಕದ್ದಲ್ಲ. ಕಾಗದ ಹೇಗಿದೆಯೋ ಹಾಗೆಯೇ ಇರತಕ್ಕದ್ದು.
೯. ಕಚೇರಿ ಪ್ರತಿ.

ಕಚೇರಿ ಪ್ರತಿಯ ಕೆಳಭಾಗದಲ್ಲಿ, ಕೈಬರಹದಲ್ಲಿ ಸೇರಿಸಿರುವುದು:

ಮೂರು ಗಂಟೆ ಹತ್ತು ನಿಮಿಷಕ್ಕೆ ಹೊಲಿಗೆ ಆರಂಭಿಸಲಾಯಿತು. ಕಂಡಿಕೆ ೧೨ನ್ನು ಎಲ್ಲರೂ ಉಲ್ಲಂಘಿಸಿರುತ್ತಾರೆ. ಯಂತ್ರ ತಂದವರೂ ಬೆಂಚಿನಿಂದೆದ್ದು ಬಂದಿದ್ದರು. ದಬ್ಬಳವು ಎರಡು ಸಲ ಬಿತ್ತು. ಮೂರನೇ ಸಲ ಬೀಳಲಿಲ್ಲ. ಆರು ಹಾಳೆಗಳಿಗೆ ನಾಲ್ಕು ಹೊಲಿಗೆ ಬಿದ್ದು, ಗಂಟನ್ನು ದಬ್ಬಳದಣ್ಣನವರು ಯಾರ ಸಹಾಯವಿಲ್ಲದೆ ಹಾಕಿ, ದಬ್ಬಳವನ್ನು ಬಲಗೈಯಿಂದಲೇ ಕಿವಿಯ ಮೇಲೆ ಸಿಕ್ಕಿಸಿಕೊಂಡರು. ಸುತ್ತೋಲೆಯು ಜಾರಿಗೆ ಬಂದಿರುತ್ತದೆ.

ಮೂರನೇ ಹೊಲಿಗೆ ಕೂದಲೆಳೆಯಷ್ಟು ವಾಲಿದೆ. ಸರಿಪಡಿಸುವಂತೆ ಸಹಿದಾರರು ಸೂಚಿಸಿರುವುದಿಲ್ಲ.